ಇನ್ನೂ ಹೊತ್ತಿಕೊಳ್ಳದ ಒಲೆಗಾಗಿ

ಹಳೆಯ ವಿದ್ಯಾರ್ಥಿಯ ನೆಲೆಯಲ್ಲಿ ನನ್ನ ವೃತ್ತಿಜೀವನದ ಕುರಿತು ನಾಲ್ಕು ಮಾತು ಬರೆದುಕೊಡಬೇಕೆಂದು ಸಂಪಾದಕ ಮಂಡಲಿಯವರು ಅಪ್ಪಣೆ ಮಾಡಿದಾಗ ನಾನು ತುಸು ಹಿಂಜರಿದೆ. ತಾವು ಕಟ್ಟಿದ ಸೇತುವೆಯನ್ನೋ ನಡೆಸಿದ ಕಾರ್ಖಾನೆಯನ್ನೋ ತೋರಿಸಬಲ್ಲ ಸಹಪಾಠಿಗಳು ನನಗಿದ್ದಾರೆ. ನಾನಾದರೋ ಇನ್ನೂ ಹೊತ್ತಿಕೊಳ್ಳದ ಒಲೆಯೊಂದರ ಗೋಡೆಗೆ ಉಕ್ಕನ್ನು ಹದಗೊಳಿಸುವುದರಲ್ಲಿ ಹದಿನೆಂಟು ವರ್ಷ ಕಳೆದವನು.

ನನ್ನ ಊರು ಕುಂದಾಪುರದ ತೆಂಕಣ ದಿಕ್ಕಿನ ಕುಂಭಾಶಿ. ಆನೆಗುಡ್ಡೆಯ ವಿನಾಯಕನಿಂದಾಗಿ ನಾಡಿಗೆಲ್ಲ ಪರಿಚಿತವಾದ ಊರು. ಕಡಲಿನ ಉಪ್ಪುಗಾಳಿಗೆ ನಮ್ಮ ಬಾವಿಯ ರಾಟೆಯ ಅಚ್ಚು ಕೆಲವೇ ಮಳೆಗಾಲಗಳಲ್ಲಿ ಪದರ ಪದರವಾಗಿ ಉದುರುತ್ತಿತ್ತು. "ಕಬ್ಬಿಣಕ್ಕೂ ಆಯುಸ್ಸುಂಟು" ಎನ್ನುತ್ತ ತಂದೆಯವರು ಹೊಸದನ್ನು ಹಾಕಿಸುತ್ತಿದ್ದರು. 1977ರಲ್ಲಿ ಹುಲಿಕಲ್ ಘಾಟಿಯನ್ನು ಹತ್ತಿ ಬಂದು ನಮ್ಮ ಶಾಲೆಯ ವಿದ್ಯಾರ್ಥಿನಿಲಯವನ್ನು ಸೇರಿದಾಗ ನನ್ನ ಕುಂದಾಪುರದ ಮಾತನ್ನು ಕೇಳಿ ಗೆಳೆಯರು ನಕ್ಕರು. ಅವರ ಮಾತಿಗೆ ನಾನೂ ಒಳಗೊಳಗೇ ನಗುತ್ತಿದ್ದೆನೆಂಬುದನ್ನು ಈಗ ಹೇಳಿದರೆ ತಪ್ಪಾಗಲಾರದು.

ನಮ್ಮ ವಿಜ್ಞಾನದ ಮೇಷ್ಟರು ಒಂದು ದಿನ ಅಡುಗೆಮನೆಯ ಕೆಂಡದಲ್ಲಿ ಮೊಳೆಯೊಂದನ್ನಿಟ್ಟು, ಊದುಗೊಳವೆಯಿಂದ ನಮ್ಮ ಕೈಯಲ್ಲೇ ಊದಿಸಿ, ಅದು ನಿಗಿನಿಗಿ ಕೆಂಪಾದ ಮೇಲೆ ಅಯಸ್ಕಾಂತವನ್ನು ಬಳಿಗೆ ತಂದರು. ಅದು ಮೊಳೆಯನ್ನು ಸೆಳೆಯಲಿಲ್ಲ. ಮೊಳೆ ಆರಿದ ಮೇಲೆ ಮತ್ತೆ ಸೆಳೆಯಿತು. "ಕಬ್ಬಿಣ ಅದೇ. ಒಳಗೆ ಬದಲಾದದ್ದೇನು?" ಎಂದು ಕೇಳಿ, ಉತ್ತರ ಹೇಳದೆಯೇ ಹೊರಟುಹೋದರು. ಆ ಪ್ರಶ್ನೆಯ ಬೆನ್ನು ಹಿಡಿದೇ ನಾನು ಸುರತ್ಕಲ್ಲಿನ ಇಂಜಿನಿಯರಿಂಗ್ ಕಾಲೇಜಿನಲ್ಲಿ ಲೋಹಶಾಸ್ತ್ರವನ್ನು ಓದಿದ್ದು, ಆಮೇಲೆ ಪರಮಾಣು ಸ್ಥಾವರಗಳ ಉಕ್ಕುಗಳನ್ನು ಪರೀಕ್ಷಿಸುವ ಕೆಲಸಕ್ಕೆ ಸೇರಿದ್ದು.

2005ರ ಡಿಸೆಂಬರಿನಲ್ಲಿ ಭಾರತವು ಫ್ರಾನ್ಸಿನ ಕಾದರಾಶ್‌ನಲ್ಲಿ ನಿರ್ಮಿಸಬೇಕಾಗಿದ್ದ 'ಈಟರ್' ಎಂಬ ಅಂತರರಾಷ್ಟ್ರೀಯ ಸಮ್ಮಿಲನ ಸ್ಥಾವರದ ಪಾಲುದಾರ ರಾಷ್ಟ್ರವಾಯಿತು. ಮರುವರ್ಷವೇ ನನ್ನ ಕೆಲಸದ ದಿಕ್ಕು ಬದಲಾಯಿತು. ಹೈಡ್ರೊಜನ್ನಿನ ಎರಡು ಭಾರ ರೂಪಗಳಾದ ಡ್ಯೂಟೀರಿಯಂ ಮತ್ತು ಟ್ರಿಟಿಯಂಗಳ ಬೀಜಗಳು ಕೂಡಿದಾಗ ಹೀಲಿಯಂ ಬೀಜವೊಂದೂ ನ್ಯೂಟ್ರಾನೊಂದೂ ಹುಟ್ಟುತ್ತವೆ. ಉರಿಯುವ ಅನಿಲವನ್ನು ಕಾಂತಕ್ಷೇತ್ರದಲ್ಲಿ ತೂಗಿ ಹಿಡಿಯಬಹುದು. ವಿದ್ಯುದಂಶವಿಲ್ಲದ ನ್ಯೂಟ್ರಾನನ್ನು ಯಾವ ಕಾಂತವೂ ತಡೆಯದು. ವಿದಳನದ ನ್ಯೂಟ್ರಾನಿಗೆ ಸರಾಸರಿ 2 ದಶಲಕ್ಷ ಎಲೆಕ್ಟ್ರಾನ್ ವೋಲ್ಟುಗಳ ಶಕ್ತಿಯಾದರೆ ಇದಕ್ಕೆ 14 ದಶಲಕ್ಷ. ಅದು ನೇರವಾಗಿ ಗೋಡೆಗೆ ಬಡಿದು ಅಣುಗಳನ್ನು ಅವುಗಳ ಸ್ಥಾನದಿಂದ ಕದಲಿಸುತ್ತದೆ. ಉಕ್ಕಿನೊಳಗೇ ಹೀಲಿಯಂ ಹುಟ್ಟಿಸಿ ಅದನ್ನು ಪೆಡಸಾಗಿಸುತ್ತದೆ. ಸಾಲದೆಂಬಂತೆ ಉಕ್ಕೇ ವಿಕಿರಣಶೀಲವಾಗುತ್ತದೆ.

ಬಿಸಿ ತಾಳಲೆಂದು ನಾವು ಉಕ್ಕಿಗೆ ಬೆರೆಸುತ್ತಿದ್ದ ಮಾಲಿಬ್ಡಿನಂ ಮತ್ತು ನಿಯೋಬಿಯಂಗಳೇ ಇಲ್ಲಿ ಶತ್ರುಗಳು. ನಿಯೋಬಿಯಂನಿಂದ ಹುಟ್ಟುವ ಒಂದು ಸಮಸ್ಥಾನಿಯ ಅರ್ಧಾಯುಷ್ಯ ಸುಮಾರು 20,000 ವರ್ಷ. ಆದುದರಿಂದ ಮೊದಲಿನದಕ್ಕೆ ಟಂಗ್‌ಸ್ಟನ್ನನ್ನೂ ಎರಡನೆಯದಕ್ಕೆ ಟ್ಯಾಂಟಲಂ ಅನ್ನೂ ಬದಲಿಯಾಗಿ ಬೆರೆಸಬೇಕು. ಎಷ್ಟು ಎಂಬುದೇ ಕಷ್ಟ. ಟಂಗ್‌ಸ್ಟನ್ ಹೆಚ್ಚಿದರೆ ಬಿಸಿಯಲ್ಲಿ ಉಕ್ಕು ಜಗ್ಗದು, ಆದರೆ ಗಡಸುತನ ಮಿತಿಮೀರುತ್ತದೆ. ಜಪಾನಿನವರು ಶೇಕಡ 2ರಷ್ಟು ಹಾಕಿದರು, ಯುರೋಪಿನವರು 1.1ರಷ್ಟು. ಕಲ್ಪಾಕ್ಕಂ, ಗಾಂಧಿನಗರ, ಹೈದರಾಬಾದುಗಳ ಸಂಸ್ಥೆಗಳು ಕೂಡಿ ರೂಪಿಸಿದ ಭಾರತದ ಉಕ್ಕಿನಲ್ಲಿ ಟಂಗ್‌ಸ್ಟನ್ 1.4, ಟ್ಯಾಂಟಲಂ 0.06, ಕ್ರೋಮಿಯಂ 9. ಈ ಅಂಕಿಗಳ ಹಿಂದಿನ ನೂರಾರು ಪರೀಕ್ಷೆಗಳಲ್ಲಿ ನನ್ನದೊಂದು ಅಳಿಲ ಸೇವೆ.

ನನ್ನ ತಪ್ಪೊಂದನ್ನು ಇಲ್ಲಿ ಮುಚ್ಚಿಡಲಾರೆ. ಟ್ಯಾಂಟಲಂ ಮತ್ತು ನಿಯೋಬಿಯಂ ಅದಿರಿನಲ್ಲಿ ಅವಳಿಗಳಂತೆ ಕೂಡಿಯೇ ಇರುತ್ತವೆ, ಬೇರ್ಪಡಿಸುವುದು ಸುಲಭವಲ್ಲ. ಪ್ರಯೋಗಕ್ಕೆಂದು ತಂದ ಟ್ಯಾಂಟಲಂನ ಜೊತೆಯಲ್ಲಿದ್ದ ಕಾಗದವನ್ನು ನಂಬಿ, ಪುನಃ ವಿಶ್ಲೇಷಣೆ ಮಾಡಿಸದೆ ನಾನು ಸಹಿ ಹಾಕಿದೆ. ಎರಕವಾದ ಮೇಲೆ ನೋಡಿದರೆ, ಹತ್ತು ಲಕ್ಷಕ್ಕೆ ಹತ್ತು ಭಾಗ ಮೀರಬಾರದ ನಿಯೋಬಿಯಂ ಅದರ ಮೂರು ಪಟ್ಟು ಇದೆ! ಕಳ್ಳನನ್ನು ಹೊರಗಿಡಲು ನೇಮಿಸಿದ ಕಾವಲುಗಾರನೇ ಅವನನ್ನು ಕರೆತಂದಂತಾಗಿತ್ತು. ಮೂರು ತಿಂಗಳ ಶ್ರಮ ನೀರಲ್ಲಿ ಹೋಮವಾಯಿತು. ಹಿರಿಯರು ಬಯ್ಯಲಿಲ್ಲ, ಆ ಗಟ್ಟಿಯ ತುಂಡೊಂದನ್ನು ಕೊಯ್ಸಿ ನನ್ನ ಮೇಜಿನ ಮೇಲೆ, ಕಾಗದ ಹಾರದಂತೆ, ಇರಿಸಿದರು. ನಿವೃತ್ತಿಯ ದಿನದವರೆಗೂ ಅದು ಅಲ್ಲಿಯೇ ಇತ್ತು.

ಊರಿಗೆ ಬರುವಾಗ ಒಮ್ಮೆ ಮೇಷ್ಟರನ್ನು ಕಂಡಿದ್ದೆ. ಎಲ್ಲವನ್ನೂ ಕೇಳಿ ಅವರೆಂದರು: "ಅಂಥ ನ್ಯೂಟ್ರಾನನ್ನು ನಿನ್ನ ಉಕ್ಕಿಗೆ ಬಡಿಸಿ ನೋಡಿದ್ದೀಯಾ?" ನಾನು ಇಲ್ಲವೆನ್ನಬೇಕಾಯಿತು. ಅಷ್ಟು ಶಕ್ತಿಯ ನ್ಯೂಟ್ರಾನುಗಳನ್ನು ಸಾಕಷ್ಟು ದಟ್ಟವಾಗಿ ಕೊಡುವ ಆಕರ ಜಗತ್ತಿನಲ್ಲಿ ಇಂದಿಗೂ ಇಲ್ಲ; ಸ್ಪೇನಿನ ಗ್ರನಾಡದ ಬಳಿ ಒಂದನ್ನು ಕಟ್ಟುತ್ತಿದ್ದಾರೆ. ವಿದಳನ ಸ್ಥಾವರಗಳಲ್ಲಿಯೂ ಅಯಾನುಗಳ ದೂಲದಿಂದಲೂ ಪರೀಕ್ಷಿಸಿ ನಾವು ಊಹೆ ಮಾಡುತ್ತೇವೆ, ಅಷ್ಟೆ. 2024ರಲ್ಲಿ ಪ್ರಕಟವಾದ ಹೊಸ ಕಾಲಪಟ್ಟಿಯ ಪ್ರಕಾರ ಈಟರ್‌ನಲ್ಲಿ ಟ್ರಿಟಿಯಂ ಉರಿಯುವುದು 2039ಕ್ಕೆ. ನನಗಾಗ ಎಪ್ಪತ್ತೈದು. ಅಲ್ಲಿಯೂ ಗೋಡೆಗೆ ತಗಲುವ ಪೆಟ್ಟು ಮುಂದಿನ ವಿದ್ಯುತ್ ಸ್ಥಾವರದ ಪೆಟ್ಟಿನ ಒಂದಂಶ ಮಾತ್ರ. ಮೇಷ್ಟರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಾಗಾದರೆ ಪ್ರಶ್ನೆ ಇನ್ನೂ ಇದೆ ಅನ್ನು" ಎಂದರು. ಅವರಿಗೆ ಸಂತೋಷವಾದಂತೆಯೇ ಕಂಡಿತು. ನನಗೆ ಆ ದಿನ ಆಗಲಿಲ್ಲ.

2024ರಲ್ಲಿ ನಾನು ನಿವೃತ್ತನಾದಾಗ ಒಂದು ತುಣುಕು 550 ಡಿಗ್ರಿ ಸೆಲ್ಸಿಯಸ್ ಬಿಸಿಯಲ್ಲಿ ಭಾರ ಹೊತ್ತು ಕುಲುಮೆಯೊಳಗೆ ತೂಗುತ್ತಿತ್ತು. ಉಕ್ಕು ಎಷ್ಟು ನಿಧಾನವಾಗಿ ಜಗ್ಗಿ, ಎಂದು ಮುರಿಯುತ್ತದೆಂದು ತಿಳಿಯುವ ಈ ಪರೀಕ್ಷೆಯಲ್ಲಿ ಹತ್ತು ಸಾವಿರ ಗಂಟೆ, ಎಂದರೆ ವರ್ಷಕ್ಕೂ ಮಿಕ್ಕ ಕಾಲ, ದೊಡ್ಡದಲ್ಲ. ಕೊನೆಯ ಸಂಜೆ ಅಳತೆಯನ್ನು ದಾಖಲೆಯ ಪುಸ್ತಕದಲ್ಲಿ ಬರೆದು, ಪುಸ್ತಕವನ್ನು ಕಿರಿಯ ಸಹೋದ್ಯೋಗಿಯ ಕೈಗಿತ್ತು ಬಂದೆ. ಈಗ ಕುಂಭಾಶಿಯಲ್ಲಿದ್ದೇನೆ. ಬಾವಿಗೆ ಪಂಪು ಬಂದಿದೆ. ಪ್ರತಿ ತಿಂಗಳ ಮೊದಲ ವಾರ ಆಕೆ ದೂರವಾಣಿಯಲ್ಲಿ ಗಂಟೆಯ ಲೆಕ್ಕವನ್ನು ತಿಳಿಸುತ್ತಾಳೆ. ತುಣುಕು ಇನ್ನೂ ಮುರಿದಿಲ್ಲ.