ಗಲಾಕ್ಸಿಯಾಗೆ, ಬೆಲ್‌ಗ್ರೇಡ್ ವಿಳಾಸಕ್ಕೆ

ಪ್ರೀತಿಯ ಗಲಾಕ್ಸಿಯಾ,

ನೀನು ಹುಟ್ಟಿದ ದೇಶ ಈಗ ಭೂಪಟದಲ್ಲಿಲ್ಲ. ನಿನ್ನಂಥ, ನಿನ್ನ ಕಾಲದ ಮನೆ ಕಂಪ್ಯೂಟರ್‌ಗಳೂ ಬಹುಪಾಲು ಗುಜರಿಗೆ ಹೋದವು. ಆದರೂ ಮನೆಗೆ ಕಂಪ್ಯೂಟರ್ ಬಂದ ಕಥೆಯನ್ನು ಯಾರಾದರೂ ಅಮೆರಿಕದ ಗ್ಯಾರೇಜಿನಿಂದ ಶುರುಮಾಡಿದಾಗಲೆಲ್ಲ ನನಗೆ ನೆನಪಾಗುವುದು ನೀನೇ.

1983ರ ಯುಗೊಸ್ಲಾವಿಯಾದಲ್ಲಿ 50 ಜರ್ಮನ್ ಮಾರ್ಕ್ ಮೀರಿದ ಸಾಮಾನನ್ನು ಹೊರಗಿನಿಂದ ತರಿಸುವಂತಿರಲಿಲ್ಲ. ಇಂಗ್ಲೆಂಡಿನಲ್ಲಿ ಅಗ್ಗದ್ದೆಂದು ಹೆಸರಾಗಿದ್ದ ಸಿಂಕ್ಲೇರ್ ಸ್ಪೆಕ್ಟ್ರಂ ಕೂಡ 1982ರಲ್ಲಿ 125 ಪೌಂಡ್‌ಗೆ ಮಾರುಕಟ್ಟೆಗೆ ಬಂದಿತ್ತು. ಆ ಮಿತಿಯ ಎಷ್ಟೋ ಪಟ್ಟು. ಕದ್ದುಮುಚ್ಚಿ ತಂದವರು ತಂದರು. ಉಳಿದವರು ಪತ್ರಿಕೆಗಳಲ್ಲಿ ಬಂದ ಚಿತ್ರ ನೋಡಿ ಸುಮ್ಮನಾಗಬೇಕಿತ್ತು.

1983ರಲ್ಲೇ ವೋಯಾ ಆಂಟೋನಿಚ್ ರಜೆಗೆಂದು ಮಾಂಟೆನೆಗ್ರೊದ ಕಡಲತೀರದ ರಿಸಾನ್‌ಗೆ ಹೋಗಿದ್ದವರು ನಿನ್ನ ನಕ್ಷೆ ಬರೆದರು. ಅವರ ತಲೆಗೆ ಹೊಕ್ಕಿದ್ದ ಪ್ರಶ್ನೆ ಒಂದೇ: ಟಿ.ವಿ. ಪರದೆಗೆ ಚಿತ್ರ ಕಳಿಸಲು ದುಬಾರಿಯ ಬೇರೊಂದು ಚಿಪ್ ಯಾಕೆ ಬೇಕು? ಝಡ್80 ಪ್ರೊಸೆಸರ್‌ಗೆ ಒಂದು ಸ್ವಭಾವವಿದೆ. ಪ್ರತಿ ಆದೇಶವನ್ನು ಎತ್ತಿಕೊಂಡ ಕೂಡಲೇ, ಮೆಮೊರಿ ಚಿಪ್ಪುಗಳಲ್ಲಿರುವುದು ಅಳಿಸಿಹೋಗದಿರಲೆಂದು, ಅದು ತಾನಾಗಿಯೇ ಒಂದೊಂದು ವಿಳಾಸವನ್ನು ಮುಟ್ಟಿ ಮುಂದೆ ಹೋಗುತ್ತದೆ. ಆ ಎಣಿಕೆಯನ್ನೇ ಆಂಟೋನಿಚ್ ಪರದೆಯ ಅಕ್ಷರಗಳನ್ನು ಓದುವುದಕ್ಕೆ ತಿರುಗಿಸಿಕೊಂಡರು. ಹಾಗಾಗಿ ಲೆಕ್ಕ ಮಾಡುವ ಪ್ರೊಸೆಸರೇ ಚಿತ್ರವನ್ನೂ ಬರೆಯಿತು. ಅದರ ಹೆಚ್ಚಿನ ಹೊತ್ತು ಚಿತ್ರ ಬರೆಯುವುದರಲ್ಲೇ ಕಳೆದುಹೋಗುತ್ತಿತ್ತು ಎಂಬುದು ನಿಜ, ಆದರೆ ಚಿಪ್ಪುಗಳ ಪಟ್ಟಿ ಸಾಮಾನ್ಯರ ಕೈಗೆಟಕುವಷ್ಟು ಚಿಕ್ಕದಾಯಿತು. ಬೆಂಗಳೂರಿನ ಎಸ್‌.ಪಿ. ರಸ್ತೆಯಲ್ಲಿ ಐಸಿ ಕೊಂಡು ತಂದು, ಮನೆಯಲ್ಲಿ ಬೆಸುಗೆ ಹಾಕಿ, ರಾತ್ರಿಯೆಲ್ಲ ತಪ್ಪು ಹುಡುಕಿದವರಿಗೆ ಇದರ ಬೆಲೆ ಗೊತ್ತು. ಒಂದು ಚಿಪ್ ಕಡಿಮೆಯಾದರೆ ಹಣವಷ್ಟೇ ಉಳಿಯುವುದಿಲ್ಲ, ಕೆಟ್ಟುಹೋಗಬಹುದಾದ ಹತ್ತಾರು ಬೆಸುಗೆಗಳೂ ಕಡಿಮೆಯಾಗುತ್ತವೆ. ನಿನ್ನ ಬೋರ್ಡಿನ ತಾಮ್ರವೂ ಒಂದೇ ಬದಿಗೆ; ಮಿಕ್ಕ ಜೋಡಣೆ ತಂತಿಯಲ್ಲಿ. ಕಟ್ಟುವವರು ಇನ್ನೂ ಕಲಿಯುತ್ತಿರುವವರು ಎಂಬುದನ್ನು ಮನಸ್ಸಿನಲ್ಲಿಟ್ಟುಕೊಂಡೇ ಹಾಗೆ ಮಾಡಿದ್ದು.

ನಿನ್ನ ಹೆಸರೇ ಹೊತ್ತ ವಿಜ್ಞಾನ ಪತ್ರಿಕೆ 1983ರ ಕೊನೆಯಲ್ಲಿ ‘ನಿಮ್ಮ ಮನೆಯಲ್ಲಿ ಕಂಪ್ಯೂಟರ್’ ಎಂಬ ವಿಶೇಷ ಸಂಚಿಕೆ ತಂದಿತು. ದೇಯಾನ್ ರಿಸ್ಟಾನೊವಿಚ್ ಬರೆದರು, ಯೋವಾ ರೆಗಾಸೆಕ್ ಸಂಪಾದಿಸಿದರು. ನಿನ್ನ ಪೂರ್ತಿ ನಕ್ಷೆ ಅದರಲ್ಲಿ ಅಚ್ಚಾಗಿತ್ತು. ಬಿಡಿಭಾಗಗಳನ್ನು ಅಂಚೆಯಲ್ಲಿ ತರಿಸಿಕೊಳ್ಳಬಹುದಿತ್ತು. ಪೆಟ್ಟಿಗೆ ಮಾತ್ರ ಅವರವರ ಕೈಲಾದದ್ದು. 8,000ಕ್ಕೂ ಹೆಚ್ಚು ಮಂದಿ ನಿನ್ನನ್ನು ಕಟ್ಟಲು ಮುಂದೆ ಬಂದರು. ಮುಂದೆ ಶಾಲೆಗಳಿಗೆಂದು ಕಾರ್ಖಾನೆಯಲ್ಲೂ ನಿನ್ನನ್ನು ತಯಾರಿಸಿದರು. ಆ ಅಧ್ಯಾಯ ನನ್ನನ್ನು ಅಷ್ಟಾಗಿ ಸೆಳೆಯುವುದಿಲ್ಲ.

ನಿನ್ನ ಮೂಲ ರೋಮ್ (ಶಾಶ್ವತ ಮೆಮೊರಿ) 4 ಕಿಲೋಬೈಟ್. ಅಷ್ಟರೊಳಗೆ ಬೇಸಿಕ್ ಭಾಷೆಯನ್ನು ಕೂರಿಸಬೇಕಿತ್ತು, ಆದ್ದರಿಂದ ತಪ್ಪು ತಿಳಿಸಲು ನಿನ್ನ ಬಳಿ ಇದ್ದದ್ದು ಮೂರೇ ಮಾತು. ಬರೆದ ಸಾಲು ಅರ್ಥವಾಗದಿದ್ದರೆ ‘ವಾಟ್?’, ಅರ್ಥವಾದರೂ ಮಾಡಲಾಗದ ಕೆಲಸವಾದರೆ ‘ಹೌ?’, ಮೆಮೊರಿ ಮುಗಿದರೆ ‘ಸಾರಿ’. ಪರದೆಯ ಮೇಲೆ 16 ಸಾಲು, ಸಾಲಿಗೆ 32 ಅಕ್ಷರ. ಚಿತ್ರಕ್ಕೆ ಅಡ್ಡ 64, ಉದ್ದ 48 ಚೌಕ, ಬಣ್ಣವಿಲ್ಲ. ಇಷ್ಟರಲ್ಲೇ ಹುಡುಗರು ಆಟಗಳನ್ನು ಬರೆದರು. ಆ ಆಟಗಳ ಮೇಲೆ ನನಗೆ ವಿಶೇಷ ಗೌರವ. ಚೌಕವೊಂದು ಪರದೆಯ ಅಂಚಿಗೆ ಬಂದಾಗ ಏನಾಗಬೇಕೆಂಬುದನ್ನು ಆಡುವವನೇ ನಿರ್ಧರಿಸಿ ಬರೆದಿರುತ್ತಿದ್ದ, ಬೇಡವೆನಿಸಿದರೆ ತಿದ್ದುತ್ತಿದ್ದ.

ಆಮೇಲೆ ರೇಡಿಯೊ. ರೇಡಿಯೊ ಬೆಲ್‌ಗ್ರೇಡ್ 202ರ ‘ವೆಂಟಿಲೇಟರ್ 202’ ಕಾರ್ಯಕ್ರಮ ನಡೆಸುತ್ತಿದ್ದ ಜೋರಾನ್ ಮೋದ್ಲಿ ವಿಮಾನ ಚಾಲಕರೂ ಆಗಿದ್ದರು. ಪ್ರೋಗ್ರಾಂಗಳನ್ನು ಗಾಳಿಯಲ್ಲೇ ಕಳಿಸಿದರೆ ಹೇಗೆ ಎಂದು ರೆಗಾಸೆಕ್ ಅವರನ್ನು ಕೇಳಿದರು. ನಿನ್ನ ಪ್ರೋಗ್ರಾಂಗಳು ಇದ್ದದ್ದು ಕ್ಯಾಸೆಟ್‌ನಲ್ಲಿ, ಸದ್ದಿನ ರೂಪದಲ್ಲಿ ತಾನೇ? ಮೋದ್ಲಿ ಮೊದಲೇ ಎಚ್ಚರಿಸುತ್ತಿದ್ದರು, ಕೇಳುಗರು ಟೇಪ್ ರೆಕಾರ್ಡರಿನ ಗುಂಡಿ ಒತ್ತಿ ಕಾಯುತ್ತಿದ್ದರು, ಆಮೇಲೆ ಮಳೆಗಾಲದ ಜೀರುಂಡೆಯಂತೆ ಕಿರ್ರೆನ್ನುವ ಸದ್ದು. ಸೆಕೆಂಡಿಗೆ 280 ಬಿಟ್ ಲೆಕ್ಕದಲ್ಲಿ 4 ಕಿಲೋಬೈಟ್‌ಗೆ ಸುಮಾರು 2 ನಿಮಿಷ. ಮುಗಿದ ಮೇಲೆ ಆ ಕ್ಯಾಸೆಟ್ಟನ್ನು ನಿನಗೆ ಕೇಳಿಸಿದರೆ ಆಟ ಬಂತು. ಆಕಾಶವಾಣಿಯ ಚಿತ್ರಗೀತೆಯನ್ನು ಉಸಿರು ಬಿಗಿಹಿಡಿದು ರೆಕಾರ್ಡ್ ಮಾಡಿಕೊಳ್ಳುತ್ತಿದ್ದ ನಮ್ಮ ತಲೆಮಾರಿಗೆ ಆ ಗುಂಡಿ ಒತ್ತುವ ಬೆರಳಿನ ಆತುರ ಹೇಳಿಕೊಡಬೇಕಿಲ್ಲ. ಕೇಳುಗರು ಅಷ್ಟಕ್ಕೇ ನಿಲ್ಲಲಿಲ್ಲ. ತಾವೇ ಬರೆದದ್ದನ್ನೂ, ಇನ್ನೊಬ್ಬರು ಬರೆದು ತಾವು ಸುಧಾರಿಸಿದ್ದನ್ನೂ ಮೋದ್ಲಿಗೆ ಕಳಿಸಿದರು, ಅದು ಮತ್ತೆ ಗಾಳಿಗೆ ಏರಿತು.

ಕೊರತೆಯೇ ಜಾಣತನ ಕಲಿಸಿತು ಎಂದು ನಿನ್ನ ಕಥೆ ಹೇಳುವವರಿದ್ದಾರೆ. ನಾನು ಒಪ್ಪುವುದಿಲ್ಲ. ಆಮದಿಗೆ ಹಾಕಿದ ಬೇಲಿಗೆ ಯಾವ ಹೊಗಳಿಕೆಯೂ ಸಲ್ಲಬೇಕಿಲ್ಲ. ಆ ಬೇಲಿಯಿಂದ ಸೋತು ಕೂತವರೇ ಹೆಚ್ಚಿದ್ದಾರು. ಹೊಗಳಬೇಕಾದದ್ದು ಆಂಟೋನಿಚ್ ತಮ್ಮ ನಕ್ಷೆಯನ್ನು ಬೀಗ ಹಾಕಿ ಇಟ್ಟುಕೊಳ್ಳಲಿಲ್ಲ ಎಂಬುದನ್ನು, ಓದುಗನಿಗೆ ಇಷ್ಟೆಲ್ಲ ಅರ್ಥವಾದೀತು ಎಂದು ಒಂದು ಪತ್ರಿಕೆ ನಂಬಿತು ಎಂಬುದನ್ನು. ಇಂದು ನನ್ನ ಮೇಜಿನ ಮೇಲಿರುವ ಯಂತ್ರ ನಿನಗಿಂತ ಲಕ್ಷಾಂತರ ಪಟ್ಟು ಬಲಶಾಲಿ, ಆದರೆ ಅದರ ಬೆನ್ನು ಬಿಚ್ಚಬಾರದೆಂದು ಅಂಟು ಹಾಕಿ ಮುಚ್ಚಿದ್ದಾರೆ. ಆ ನಂಬಿಕೆ ಎಲ್ಲಿ ಹೋಯಿತು ಎಂದು ಕೇಳುವುದಕ್ಕೇ ಈ ಪತ್ರ.

ತೊಂಬತ್ತರ ದಶಕದಲ್ಲಿ ನಿನ್ನ ದೇಶ ಒಡೆಯಿತು. ಯಾರಿಗೆ ಬೇಕು ಇದು ಎಂದುಕೊಂಡು ಆಂಟೋನಿಚ್ ತಮ್ಮಲ್ಲಿದ್ದ ಗಲಾಕ್ಸಿಯಾಗಳನ್ನು ಎಸೆದುಬಿಟ್ಟರು. ಮುಂದೆ ಒಂದು ಹೇಗೋ ಸಿಕ್ಕಿ ಬೆಲ್‌ಗ್ರೇಡಿನ ವಿಜ್ಞಾನ ಮತ್ತು ತಂತ್ರಜ್ಞಾನ ವಸ್ತುಸಂಗ್ರಹಾಲಯ ಸೇರಿತು. ಮೋದ್ಲಿ 2020ರಲ್ಲಿ ತೀರಿಕೊಂಡರು. ನಿನ್ನ ಝಡ್80 ಚಿಪ್ಪಿಗೆ ಕೊನೆಯ ಆರ್ಡರ್ ಕಳಿಸಿ ಎಂದು ಜೈಲಾಗ್ ಕಂಪನಿ 2024ರಲ್ಲಿ ಪ್ರಕಟಿಸಿತು.

ಹಳೆಯ ದಾಸ್ತಾನಿನಲ್ಲಿ ಅದು ಇನ್ನೂ ಸಿಗುತ್ತದೆ. ನಿನ್ನ ನಕ್ಷೆಯನ್ನು ದೊಡ್ಡ ಹಾಳೆಗೆ ಅಚ್ಚು ಹಾಕಿಸಿ ಇಟ್ಟುಕೊಂಡಿದ್ದೇನೆ. ರೋಮ್ ಬರೆದುಕೊಡುವ ಹುಡುಗನೊಬ್ಬ ಪರಿಚಯವಿದ್ದಾನೆ. ಪೆಟ್ಟಿಗೆಯನ್ನು ಹಲಸಿನ ಹಲಗೆಯಲ್ಲಿ ಮಾಡಿಸುವುದೆಂದು ತೀರ್ಮಾನಿಸಿದ್ದೇನೆ.

ಇಂತು,
ನಿನ್ನ ಕಾಲದವನೇ ಆದ ಒಬ್ಬ ಕನ್ನಡಿಗ