ನಾಲ್ವರ ತಂಡದಲ್ಲಿ ನಾಲ್ಕನೆಯವನು

ಆಸ್ತಿಯ ಪಾಲಿನಿಂದ ಒಡೆದ ಮನೆಗಳನ್ನು ಕಂಡಿದ್ದೇವೆ. ಮದುವೆಯ ಊಟದಲ್ಲಿ ಸರಿಯಾಗಿ ಕರೆದು ಬಡಿಸಲಿಲ್ಲವೆಂದು ಹತ್ತು ವರ್ಷ ಮಾತು ಬಿಟ್ಟವರನ್ನೂ ಕಂಡಿದ್ದೇವೆ. ಆದರೆ ಮಕ್ಕಳು ಮೊಬೈಲಿನಲ್ಲಿ ಆಡುವ ಆಟದಿಂದ ಅಣ್ಣ-ತಂಗಿಯರ ಮನೆಗಳ ನಡುವೆ ಫೋನು ನಿಂತುಹೋಗುತ್ತದೆ ಎಂದು ಯಾರಾದರೂ ಹೇಳಿದ್ದರೆ ನಾನು ನಕ್ಕುಬಿಡುತ್ತಿದ್ದೆ. ಕಳೆದ ಬಕ್ರೀದ್‌ಗೆ ಮೊದಲು ನಮ್ಮಲ್ಲಿ ಆದದ್ದು ಅದೇ.

ನಾವು ಒಡಹುಟ್ಟಿದವರು ನಾಲ್ವರು. ನಾನು ಚನ್ನಗಿರಿಯಲ್ಲೇ ಉಳಿದೆ. ಆಪಾ ಹೊನ್ನಾಳಿಗೆ, ತಂಗಿ ನ್ಯಾಮತಿಗೆ ಸೊಸೆಯರಾಗಿ ಹೋದರು. ಭಾಯಿಜಾನ್ ವ್ಯಾಪಾರಕ್ಕೆಂದು ಜಗಳೂರಿಗೆ ಹೋದವರು ಅಲ್ಲೇ ಮನೆ ಮಾಡಿದರು. ಎಲ್ಲವೂ ಒಂದೇ ಜಿಲ್ಲೆ. ಆದರೂ ಅಡಿಕೆ ತೋಟದ ಚನ್ನಗಿರಿಯಿಂದ ಮಳೆಗಾಗಿ ಮುಗಿಲು ನೋಡುವ ಜಗಳೂರಿಗೆ ಹೋಗಬೇಕೆಂದರೆ ದಾವಣಗೆರೆಯಲ್ಲಿ ಬಸ್ಸು ಬದಲಿಸಿ ಅರ್ಧ ದಿನ ಕಳೆಯಬೇಕು. ನಾವು ವರ್ಷಕ್ಕೆ ಎರಡು ಮೂರು ಸಲ ಸೇರಿದರೆ ಹೆಚ್ಚು. ನಮ್ಮ ನಾಲ್ಕು ಮನೆಯ ನಾಲ್ಕು ಹುಡುಗರು ಮಾತ್ರ ದಿನಾ ಸಂಜೆ ಸೇರುತ್ತಿದ್ದರು, ಮೊಬೈಲಿನಲ್ಲಿ. ನಾಲ್ವರ ವಿರುದ್ಧ ನಾಲ್ವರು ಆಡುವ ಒಂದು ಆಟ. ಹೆಸರು ಬೇಡ, ಇಂಥ ಆಟಗಳು ಹಲವಾರಿವೆ. ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಮಾತಾಡುತ್ತಾ ಆಡುತ್ತಿದ್ದರು. ಒಂದು ರೀತಿಯಲ್ಲಿ ನನಗೆ ಸಮಾಧಾನವೇ ಇತ್ತು. ಅಪರಿಚಿತರೊಂದಿಗಲ್ಲ, ತನ್ನದೇ ರಕ್ತಸಂಬಂಧಿಗಳೊಂದಿಗೆ ತಾನೇ ಎಂದು.

ಜಗಳೂರಿನವನು ಎಲ್ಲರಿಗಿಂತ ಚಿಕ್ಕವನು, ಆಟಕ್ಕೆ ಕೊನೆಗೆ ಸೇರಿದವನು. ಪ್ರತಿ ಪಂದ್ಯದಲ್ಲೂ ಮೊದಲು ಸಾಯುತ್ತಿದ್ದವನು ಅವನೇ. ನನ್ನ ಮಗ ಕೋಣೆಯಿಂದ ಕೂಗುವುದು ಅಡುಗೆಮನೆಗೆ ಕೇಳುತ್ತಿತ್ತು. "ಲೇ ನೂಬ್, ನಿನ್ನಿಂದಾನೇ ಸೋತಿದ್ದು!" ನೂಬ್ ಎಂದರೆ ಆಟ ಬಾರದ ಹಸಿಯ ಎಂದು ಆಮೇಲೆ ಗೊತ್ತಾಯಿತು. ಒಂದು ದಿನ ಮೂವರೂ ಸೇರಿ ಅವನನ್ನು ತಂಡದಿಂದ ತೆಗೆದು, ಎಲ್ಲಿಯವನೋ ಒಬ್ಬ ಗಟ್ಟಿ ಆಟಗಾರನನ್ನು ಸೇರಿಸಿಕೊಂಡರು. ಹುಡುಗ ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲವಂತೆ. ಭಾಬಿ ಫೋನ್ ಮಾಡಿದರು. "ನಮ್ಮ ಹುಡುಗ ಅಂದ್ರೆ ನಿಮ್ಮ ಮಕ್ಕಳಿಗೆ ಅಷ್ಟು ಹಗುರ ಆಗಿಬಿಟ್ಟನಾ? ಜಗಳೂರಿನವರು ಅಂದ್ರೆ ಎಲ್ಲದರಲ್ಲೂ ಹಿಂದೆ ಅಂತಾನಾ?" ಮಾತು ಆಟದಿಂದ ಎಲ್ಲಿಗೋ ಹೋಯಿತು. ಹಳೆಯ ಲೆಕ್ಕಗಳೆಲ್ಲ ಹೊರಬಂದವು. ಈ ಸಲ ಹಬ್ಬಕ್ಕೆ ಚನ್ನಗಿರಿಗೆ ಬರುವುದು ಅನುಮಾನ ಎಂದು ಭಾಯಿಜಾನ್ ಕೂಡ ಹೇಳಿಬಿಟ್ಟರು.

ಈ ಗಂಟು ಬಿಡಿಸಿದವಳು ಆಪಾಳ ಮಗಳು. ದಾವಣಗೆರೆಯಲ್ಲಿ ಕಂಪ್ಯೂಟರ್ ಎಂಜಿನಿಯರಿಂಗ್ ಓದುತ್ತಿದ್ದಾಳೆ. ರಜೆಗೆ ನಮ್ಮ ಮನೆಗೆ ಬಂದಿದ್ದಾಗ, "ಖಾಲಾ, ಸೋಲಿಗೆ ಅವನು ಕಾರಣವೇ ಅಲ್ಲ. ಇವರಿಗೆ ಎದುರಾಳಿಯನ್ನು ಯಾರು ಹುಡುಕಿಕೊಡುತ್ತಾರೆ ಅಂತ ಈ ಹುಡುಗರಿಗೆ ಗೊತ್ತಿಲ್ಲ, ಅಷ್ಟೆ" ಎಂದಳು.

ಎದುರಾಳಿಯನ್ನು ಹುಡುಕಿಕೊಡುವುದು ಮನುಷ್ಯರಲ್ಲ, ಯಂತ್ರ. ಅದಕ್ಕೆ ಮ್ಯಾಚ್‌ಮೇಕಿಂಗ್ ಎನ್ನುತ್ತಾರೆ. ಹೆಸರು ಕೇಳಿ ನನಗೆ ನಗು ಬಂತು. ಸಂಬಂಧ ಕುದುರಿಸುವ ಹೆಂಗಸರು ನಮ್ಮ ಊರುಗಳಲ್ಲಿ ಇನ್ನೂ ಇದ್ದಾರಲ್ಲ. ಆ ಮನೆಯ ಅಂತಸ್ತು, ಈ ಮನೆಯ ಅಂತಸ್ತು, ಹುಡುಗಿಯ ಓದು, ಹುಡುಗನ ಕೆಲಸ ಎಲ್ಲವನ್ನೂ ಮನಸ್ಸಿನಲ್ಲೇ ತೂಗಿ ಜೋಡಿ ಹೇಳುತ್ತಾರೆ. ಯಂತ್ರವೂ ತೂಗುತ್ತದೆ, ಅಂಕಿಯಿಂದ.

ಆ ಅಂಕಿಯ ಮೂಲ ಚದುರಂಗದಲ್ಲಿದೆ. ಹಂಗೇರಿಯಲ್ಲಿ ಹುಟ್ಟಿ ಅಮೆರಿಕದಲ್ಲಿ ಭೌತಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಅರ್ಪಾದ್ ಎಲೋ ಎಂಬವರು ಆಟಗಾರರ ಬಲವನ್ನು ಒಂದು ಸಂಖ್ಯೆಯಲ್ಲಿ ಹೇಳುವ ಲೆಕ್ಕ ಮಾಡಿದರು. ಅಮೆರಿಕದ ಚೆಸ್ ಸಂಸ್ಥೆ 1960ರಲ್ಲಿ, ವಿಶ್ವ ಚೆಸ್ ಸಂಸ್ಥೆ 1970ರಲ್ಲಿ ಅದನ್ನು ಒಪ್ಪಿಕೊಂಡಿತು. ನಮ್ಮ ವಿಶ್ವನಾಥನ್ ಆನಂದ್ 2006ರಲ್ಲಿ 2800 ದಾಟಿದರು ಎಂದು ಪತ್ರಿಕೆಗಳು ಬರೆದದ್ದು ಈ ಸಂಖ್ಯೆಯನ್ನೇ. ಇಬ್ಬರ ಸಂಖ್ಯೆ ಸಮವಿದ್ದರೆ ಗೆಲುವು ಅರ್ಧಕ್ಕರ್ಧ. 200ರ ಅಂತರವಿದ್ದರೆ ಮೇಲಿನವನು ನಾಲ್ಕರಲ್ಲಿ ಸುಮಾರು ಮೂರು ಗೆಲ್ಲಬೇಕು. 400 ಇದ್ದರೆ ಹನ್ನೊಂದರಲ್ಲಿ ಹತ್ತು. ಬಲಶಾಲಿಯನ್ನು ಸೋಲಿಸಿದರೆ ಸಂಖ್ಯೆ ಹೆಚ್ಚು ಏರುತ್ತದೆ, ಬಡಪಾಯಿಯನ್ನು ಸೋಲಿಸಿದರೆ ಅಷ್ಟೇನೂ ಏರುವುದಿಲ್ಲ.

ಚದುರಂಗದಲ್ಲಿ ಇಬ್ಬರೇ ಇರುವುದರಿಂದ ಇದು ಸುಲಭ. ತಂಡದ ಆಟದಲ್ಲಿ ಗೆಲುವು ಯಾರದು, ಸೋಲು ಯಾರದು? ಬಿರಿಯಾನಿ ಕೆಟ್ಟರೆ ಅಕ್ಕಿ ನೆನೆಸಿದವಳದೋ, ದಮ್‌ಗೆ ಇಟ್ಟವಳದೋ ಎಂದು ಹೇಗೆ ಹೇಳುವುದು? ಇದಕ್ಕೆಂದೇ ಮೈಕ್ರೋಸಾಫ್ಟ್‌ನ ಇಂಗ್ಲೆಂಡಿನ ಸಂಶೋಧಕರು ಟ್ರೂಸ್ಕಿಲ್ ಎಂಬ ವಿಧಾನ ಮಾಡಿದರು. 2005ರಲ್ಲಿ ಅವರ ಎಕ್ಸ್‌ಬಾಕ್ಸ್ ಆಟಗಳಿಗೆ ಅದು ಬಂತು. ಅದರಲ್ಲಿ ಪ್ರತಿ ಆಟಗಾರನಿಗೆ ಎರಡು ಸಂಖ್ಯೆ: ಒಂದು ಅವನ ಬಲದ ಅಂದಾಜು, ಇನ್ನೊಂದು ಆ ಅಂದಾಜಿನ ಮೇಲಿರುವ ಅನುಮಾನ. ಹೊಸಬ ಬಂದಾಗ ಅಂದಾಜು 25, ಅನುಮಾನ ಅದರ ಮೂರನೇ ಒಂದು ಭಾಗ. ಆಡುತ್ತಾ ಆಡುತ್ತಾ ಅನುಮಾನ ಕಡಿಮೆಯಾಗುತ್ತದೆ.

ನನಗೆ ಹಿಡಿಸಿದ್ದು ಈ ಅನುಮಾನದ ಮಾತು. ಇಬ್ಬರೇ ಆಡುವ ಆಟದಲ್ಲಿ ಒಬ್ಬನ ಬಲ ತಿಳಿಯಲು ಸುಮಾರು 12 ಪಂದ್ಯ ಸಾಕಂತೆ. ನಾಲ್ವರ ವಿರುದ್ಧ ನಾಲ್ವರಾದರೆ 46 ಪಂದ್ಯ ಬೇಕು ಎಂಬುದು ಅದನ್ನು ಮಾಡಿದವರ ಲೆಕ್ಕ. ಯಂತ್ರವೇ ನಲವತ್ತಾರು ಪಂದ್ಯದವರೆಗೆ ತನ್ನ ಅಂದಾಜನ್ನು ಪೂರ್ತಿಯಾಗಿ ನಂಬುವುದಿಲ್ಲ. ನಮ್ಮ ಹುಡುಗರು ಒಂದು ವಾರದಲ್ಲಿ ಜಗಳೂರಿನವನಿಗೆ ನೂಬ್ ಎಂದು ಮೊಹರು ಹಾಕಿದ್ದರು. (ಹೊಸ ಸೊಸೆಯ ಮೊದಲ ಅಡುಗೆ ನೋಡಿ ಅವಳ ಕೈಗುಣ ನಿರ್ಧರಿಸುವ ನಮಗೆ ಇದು ಹೊಸದೇನಲ್ಲ.)

ನಾವು ಚಿಕ್ಕವರಿದ್ದಾಗ ಚನ್ನಗಿರಿಯ ಓಣಿಯಲ್ಲಿ ಲಗೋರಿಗೆ ತಂಡ ಮಾಡುತ್ತಿದ್ದ ಕ್ರಮ ನಿಮಗೂ ನೆನಪಿರಬಹುದು. ಇಬ್ಬರು ನಾಯಕರು ಒಂದೆಡೆ ಕೂರುವುದು. ಉಳಿದವರು ಆಟದಲ್ಲಿ ಸರಿಸಮ ಇರುವವರು ಇಬ್ಬಿಬ್ಬರಾಗಿ ದೂರ ಹೋಗಿ ಗುಟ್ಟಾಗಿ ಹೆಸರಿಟ್ಟುಕೊಂಡು ಬರುವುದು. "ಮಲ್ಲಿಗೆ ಬೇಕಾ, ಸಂಪಿಗೆ ಬೇಕಾ?" ಮಲ್ಲಿಗೆ ಒಂದು ಕಡೆ, ಸಂಪಿಗೆ ಇನ್ನೊಂದು ಕಡೆ. ಸಮಬಲದವರು ಎದುರುಬದುರು ತಂಡಗಳಿಗೆ ಹೋಗುತ್ತಿದ್ದರು. ಚಿಕ್ಕವನಿದ್ದರೆ ಎದುರಿಗೂ ಒಬ್ಬ ಚಿಕ್ಕವನು ಇರುತ್ತಿದ್ದ. ಅವನ ಬಲಹೀನತೆ ತಂಡ ಮಾಡುವಾಗಲೇ ಲೆಕ್ಕಕ್ಕೆ ಬಂದಿರುತ್ತಿತ್ತು. ಆದ್ದರಿಂದ ಸೋತ ಮೇಲೆ ಅವನನ್ನು ಬೈಯಲು ನ್ಯಾಯವಿರಲಿಲ್ಲ.

ಆಪಾಳ ಮಗಳು ಹೇಳಿದ್ದೂ ಇದನ್ನೇ. ನಾಲ್ವರು ಒಟ್ಟಿಗೆ ತಂಡವಾಗಿ ಹೋದಾಗ ಯಂತ್ರವು ನಾಲ್ವರ ಸಂಖ್ಯೆಯನ್ನೂ ನೋಡಿ, ಅದಕ್ಕೆ ಸರಿಹೊಂದುವ ಎದುರಾಳಿ ತಂಡವನ್ನು ತರುತ್ತದೆ. ಚಿಕ್ಕವನ ಕಡಿಮೆ ಸಂಖ್ಯೆ ಆ ಲೆಕ್ಕದಲ್ಲಿ ಸೇರಿಯೇ ಇದೆ. ಅವನಿದ್ದ ಕಾರಣಕ್ಕೆ ಎದುರಾಳಿಯೂ ಸ್ವಲ್ಪ ಸಪ್ಪೆಯವನೇ ಸಿಗುತ್ತಾನೆ. ಅವನನ್ನು ತೆಗೆದು ಗಟ್ಟಿಗನನ್ನು ತಂದರೆ ಎದುರಾಳಿಯೂ ಗಟ್ಟಿಯಾಗುತ್ತಾನೆ. ಗೆಲುವು ಸೋಲು ಮತ್ತೆ ಅರ್ಧಕ್ಕರ್ಧ. ಆದರೆ ಲಗೋರಿಯಂತೆ ಇಲ್ಲಿ ಚಿಕ್ಕವನಿಗೆ ಎದುರಾಗಿ ಚಿಕ್ಕವನೇ ಬರುತ್ತಾನೆಂದಿಲ್ಲ. ಯಂತ್ರ ತಂಡದ ಒಟ್ಟು ಬಲ ಸರಿಹೊಂದಿಸಿದರೂ ಎದುರಿನ ನಾಲ್ವರೂ ಮಧ್ಯಮ ಬಲದವರಿರಬಹುದು. ಆಗ ನಮ್ಮ ಹುಡುಗ ನಾಲ್ವರಿಗೂ ಸುಲಭದ ತುತ್ತು. ತಂಡ ಅರ್ಧ ಪಂದ್ಯ ಗೆಲ್ಲುತ್ತಿದ್ದರೂ ಅವನು ಮಾತ್ರ ಪ್ರತಿ ಸಲ ಮೊದಲು ಸಾಯುತ್ತಾನೆ. ಕಣ್ಣಿಗೆ ಕಾಣುವುದು ಆ ಸಾವು. ಬೈಗುಳ ಅವನ ಪಾಲಿಗೆ. ಇದಕ್ಕಾಗಿಯೇ ವ್ಯಾಲರೆಂಟ್‌ನಂಥ ಆಟಗಳಲ್ಲಿ ತೀರಾ ಮೇಲಿನವನೂ ತೀರಾ ಕೆಳಗಿನವನೂ ರ‍್ಯಾಂಕ್ ಪಂದ್ಯಕ್ಕೆ ಒಟ್ಟಿಗೆ ಹೋಗಲು ನಿರ್ಬಂಧ ಹಾಕಿದ್ದಾರೆ.

ಇನ್ನೊಂದು ಸಂಗತಿ ಜಾಲದ್ದು. ಸಂಖ್ಯೆಯ ಜೊತೆಗೆ ಯಂತ್ರವು ಆಟಗಾರನ ಮೊಬೈಲಿನಿಂದ ಆಟದ ಸರ್ವರ್‌ಗೆ ಸಂದೇಶ ಹೋಗಿಬರುವ ಹೊತ್ತನ್ನೂ ನೋಡುತ್ತದೆ. ಇವನ ಸಂದೇಶ ತಡವಾದರೆ ಇವನು ಗುಂಡು ಹಾರಿಸುವಷ್ಟರಲ್ಲಿ ಎದುರಿನವನು ಮುಗಿಸಿರುತ್ತಾನೆ. ಭಾಯಿಜಾನ್ ಮನೆಯ ಒಳಕೋಣೆಯಲ್ಲಿ ಫೋನೇ ಸರಿಯಾಗಿ ಹತ್ತುವುದಿಲ್ಲ. ಮಾತಾಡಬೇಕಾದರೆ ಮಹಡಿಗೆ ಹೋಗಬೇಕು. ಹುಡುಗ ಆಡುತ್ತಿದ್ದದ್ದು ಒಳಕೋಣೆಯಲ್ಲಿ. ಅಬ್ಬಾ ಬೈಯುತ್ತಾರೆಂಬ ಹೆದರಿಕೆಗೆ!

ಹಾಗಾದರೆ ಬಲ ನೋಡಿ ಜೋಡಿಸುವುದು ಬೇಡವೇ? ಬೇಕು. ಕಾಲ್ ಆಫ್ ಡ್ಯೂಟಿ ಆಟದವರು 2024ರಲ್ಲಿ ತಮ್ಮ ಪರೀಕ್ಷೆಯೊಂದರ ವಿವರ ಪ್ರಕಟಿಸಿದರು. ಆಟಗಾರರಿಗೆ ಹೇಳದೆ ಬಲದ ಲೆಕ್ಕವನ್ನು ಸಡಿಲಿಸಿ ನೋಡಿದಾಗ, ತೀರಾ ಮೇಲಿನವರಿಗೆ ಖುಷಿಯಾಯಿತು, ಉಳಿದವರು ಆಟ ಬಿಡತೊಡಗಿದರು. ಬಲಹೀನರಿಗೆ ಈ ಲೆಕ್ಕವೇ ಆಸರೆ.

ಆದರೆ ತಾಯಂದಿರು ತಿಳಿಯಬೇಕಾದ ಇನ್ನೊಂದು ಮುಖವೂ ಇದೆ. ಜೋಡಿ ಹೇಳುವವಳು ನ್ಯಾಯವಾಗಿ ತೂಗುತ್ತಾಳೋ, ತನ್ನ ಕಮಿಷನ್ ನೋಡುತ್ತಾಳೋ ಎಂಬ ಪ್ರಶ್ನೆ ಇಲ್ಲಿಯೂ ಬರುತ್ತದೆ. 2017ರಲ್ಲಿ ಎಲೆಕ್ಟ್ರಾನಿಕ್ ಆರ್ಟ್ಸ್ ಎಂಬ ಕಂಪೆನಿಯ ಸಂಶೋಧಕರೂ ಸೇರಿ ಬರೆದ ಪ್ರಬಂಧವೊಂದು, ಸಮಬಲಕ್ಕಾಗಿ ಅಲ್ಲ, ಆಟಗಾರ ಆಟ ಬಿಟ್ಟು ಹೋಗದಂತೆ ಜೋಡಿಸುವುದು ಹೇಗೆಂದು ಲೆಕ್ಕ ಹಾಕಿತು. ಅದೇ ವರ್ಷ ಆಕ್ಟಿವಿಷನ್ ಕಂಪೆನಿಗೆ ಒಂದು ಪೇಟೆಂಟ್ ಸಿಕ್ಕಿತು. ಹಣ ಕೊಟ್ಟು ಆಯುಧ ಕೊಂಡವನ ಜೊತೆ ಕೊಳ್ಳದವನನ್ನು ಜೋಡಿಸಿ ಅವನಿಗೂ ಆಸೆ ಹುಟ್ಟಿಸುವ ಉಪಾಯ ಅದರಲ್ಲಿದೆ. ಹೊಸ ಬಳೆ ತೊಟ್ಟವಳ ಪಕ್ಕ ನಮ್ಮನ್ನು ಕೂರಿಸಿದಂತೆ! ಅದನ್ನು ಯಾವ ಆಟದಲ್ಲೂ ಬಳಸಿಲ್ಲವೆಂದು ಕಂಪೆನಿ ಆಗಲೇ ಹೇಳಿತು. ಇರಲಿ. ಅಂಥ ಯೋಚನೆ ಮಾಡುವ ತಲೆಗಳಿವೆ ಎಂಬುದಂತೂ ತಿಳಿಯಿತು. ಹೊಸಬರಿಗೆ ಗೆಲುವಿನ ರುಚಿ ಹತ್ತಿಸಲು ಮನುಷ್ಯರ ಬದಲು ಯಂತ್ರದ ಆಟಗಾರರನ್ನು ಎದುರು ನಿಲ್ಲಿಸುವುದೂ ಇದೆ. ಫೋರ್ಟ್‌ನೈಟ್ ಆಟದವರು 2019ರಲ್ಲಿ ಇದನ್ನು ತಾವೇ ಹೇಳಿದ್ದರು. ಮೊದಲ ವಾರ ಮಗ "ನಾನು ಎಲ್ಲರನ್ನೂ ಹೊಡೆದೆ" ಎಂದು ಕುಣಿದರೆ, ಹೊಡೆದದ್ದು ಯಾರನ್ನು ಎಂದು ಒಮ್ಮೆ ಕೇಳಿ ನೋಡಬಹುದು.

"ಇನ್ನೊಂದೇ ಪಂದ್ಯ ಅಮ್ಮಿ" ಎಂಬ ಮಾತು ನಿಮ್ಮ ಮನೆಯಲ್ಲೂ ಕೇಳುತ್ತಿರಬೇಕು. ಅದರ ಬೇರು ಎಲ್ಲಿದೆ ಎಂದು ನನಗೆ ಈಗ ಅರ್ಥವಾಗಿದೆ. ಗೆದ್ದು ಎದ್ದರಾಯಿತು ಎಂದು ಕಾಯುತ್ತಾರೆ. ಆದರೆ ಗೆದ್ದಂತೆಲ್ಲ ಮುಂದಿನ ಎದುರಾಳಿ ಗಟ್ಟಿಯಾಗುತ್ತಾನೆ. ಎಷ್ಟೇ ಕಲಿತರೂ ಅರ್ಧ ಸೋಲೇ. ಶಾಲೆಯ ಪರೀಕ್ಷೆಯಲ್ಲಿ ಚೆನ್ನಾಗಿ ಓದಿದರೆ ಅಂಕ ಏರುತ್ತದೆ. ಇಲ್ಲಿ ಓದಿದಷ್ಟೂ ಪ್ರಶ್ನೆಪತ್ರಿಕೆ ಕಠಿಣವಾಗುತ್ತದೆ. ನಡುರಾತ್ರಿಯಲ್ಲಿ ಇನ್ನೂ ಕಷ್ಟ. ಆಡುವವರ ಸಂಖ್ಯೆ ಕಡಿಮೆ ಇರುವ ಹೊತ್ತಿನಲ್ಲಿ ಸಮಬಲದವರು ಸಿಗದೆ, ಕಾಯಿಸಬಾರದೆಂದು ಯಂತ್ರ ಯಾರು ಸಿಕ್ಕರೆ ಅವರನ್ನು ತಂದು ನಿಲ್ಲಿಸುತ್ತದೆ. ನನ್ನ ಮಗನಿಗೆ ಹತ್ತು ಗಂಟೆಯ ನಂತರ ಬೇಡ ಎನ್ನಲು ನನಗೆ ಸಿಕ್ಕ ಒಳ್ಳೆಯ ಕಾರಣ ಇದು. ಕಣ್ಣು ಹಾಳಾಗುತ್ತದೆ ಎಂದಾಗ ಕೇಳದವನು, ಪಂದ್ಯ ಸರಿಸಮ ಇರುವುದಿಲ್ಲ ಎಂದಾಗ ಕೇಳಿದ.

ಹುಡುಗರು ಆಪಾಳ ಮಗಳ ಮಾತನ್ನು ಸುಮ್ಮನೆ ಒಪ್ಪಲಿಲ್ಲ. "ಹಾಗಾದರೆ ಬರೆದಿಡ್ರೋ" ಎಂದು ಅವಳು ಒಂದು ನೋಟ್‌ಬುಕ್ ಕೊಟ್ಟಳು. ಚಿಕ್ಕವನಿದ್ದಾಗಿನ ಹಳೆಯ ಪಂದ್ಯಗಳ ಪಟ್ಟಿ ಆಟದಲ್ಲೇ ಸಿಕ್ಕಿತು. ಅದನ್ನು ಒಂದು ಪುಟಕ್ಕೆ ಇಳಿಸಿದರು. ಗಟ್ಟಿಗನೊಂದಿಗೆ ಆಡಿದ್ದನ್ನು ಇನ್ನೊಂದು ಪುಟಕ್ಕೆ. ಗೆದ್ದದ್ದಕ್ಕೆ ಸರಿ ಗುರುತು, ಸೋತದ್ದಕ್ಕೆ ಗುಣಿಸು ಗುರುತು. ಎರಡೂ ಪುಟಗಳಲ್ಲಿ ಹೆಚ್ಚುಕಡಿಮೆ ಅರ್ಧಕ್ಕರ್ಧವೇ ಇತ್ತು. ನನ್ನ ಮಗ ಎರಡು ಸಲ ಎಣಿಸಿದ. ಆಮೇಲೆ ಮೊಬೈಲ್ ತೆಗೆದುಕೊಂಡು ಹಿತ್ತಲಿಗೆ ಹೋಗಿ ಬಹಳ ಹೊತ್ತು ಮಾತಾಡಿದ. ಏನು ಮಾತಾಡಿದನೆಂದು ನಾನು ಕೇಳಲಿಲ್ಲ.

ಬಕ್ರೀದ್‌ಗೆ ಭಾಯಿಜಾನ್ ಬಂದರು. ಭಾಬಿ ಮೊದಲ ದಿನ ಸ್ವಲ್ಪ ಬಿಗಿಯಾಗಿಯೇ ಇದ್ದರು. ಎರಡನೇ ದಿನ ನಾನು ಆ ನೋಟ್‌ಬುಕ್ ತೋರಿಸಿದೆ. ಕನ್ನಡಕ ಹಾಕಿಕೊಂಡು ಎರಡೂ ಪುಟ ನೋಡಿ, "ಅಂದರೆ ನಮ್ಮವನದು ತಪ್ಪಿರಲಿಲ್ಲ" ಎಂದರು. ಅಷ್ಟೇ. ಆಮೇಲೆ ಅಡುಗೆಮನೆಗೆ ಬಂದು ಕುಳಿತರು.

ಈಗ ನಾಲ್ವರೂ ರ‍್ಯಾಂಕ್ ಇಲ್ಲದ ಪಂದ್ಯಗಳಲ್ಲಿ ಒಟ್ಟಿಗೆ ಆಡುತ್ತಾರೆ. ರ‍್ಯಾಂಕ್ ಬೇಕಾದವರು ಒಬ್ಬೊಬ್ಬರೇ ಹೋಗುತ್ತಾರೆ. ಚಿಕ್ಕವನಿಗೆ ಮಹಡಿಯಲ್ಲಿ ಕೂರಲು ಭಾಯಿಜಾನ್ ಅನುಮತಿ ಕೊಟ್ಟಿದ್ದಾರೆ, ಮಗ್ರಿಬ್ ತನಕ ಮಾತ್ರ. ಈಗಲೂ ಅವನೇ ಮೊದಲು ಸಾಯುವುದಂತೆ, ಆದರೆ ಸತ್ತ ಮೇಲೆ ಉಳಿದ ಮೂವರಿಗೆ ಶತ್ರು ಎಲ್ಲಿದ್ದಾನೆಂದು ಹೇಳುವುದರಲ್ಲಿ ಅವನನ್ನು ಮೀರಿಸಿದವರಿಲ್ಲ ಎನ್ನುತ್ತಾನೆ ನನ್ನ ಮಗ. ಮೊನ್ನೆ ಸಂಜೆ ಭಾಬಿಯ ಫೋನ್ ಬಂತು. "ಇವನ ಪಂದ್ಯ ಮುಗಿಯೋಕೆ ಇನ್ನೂ ಎಷ್ಟು ಹೊತ್ತು ಅಂತ ನಿನ್ನ ಮಗನನ್ನ ಕೇಳಮ್ಮ, ಮೊಸರು ತರಬೇಕು. ಮಹಡಿ ಹತ್ತಿ ಕೂಗಿದರೆ ಇವನಿಗೆ ಕೇಳಿಸಲ್ಲ." ಕೇಳಿದೆ. ಐದು ನಿಮಿಷ ಎಂದ.