ತಳ ಹಿಡಿದ ಚೀಸು

ಬಂಡಾಯದ ಪತ್ರಿಕೆಯಲ್ಲಿ ಅಡುಗೆಯ ಮಾತೇನು ಅಂತ ಕೇಳಬೇಡಿ. ಹಸಿವಿನ ಬಗ್ಗೆ ನಾವು ಬೇಕಾದಷ್ಟು ಬರೆದಿದ್ದೇವೆ. ಬೇರೆಯವರ ಒಲೆಯ ಮುಂದೆ ನಿಂತು ಬೆಂದವರ ಬಗ್ಗೆ ಬರೆದದ್ದು ಕಡಿಮೆ. ನಮ್ಮ ಮನೆಯಲ್ಲಿ ಎರಡು ತಲೆಮಾರು ಹಾಗೆ ಬೆಂದಿದೆ.

ನಮ್ಮದು ಕೋಲಾರದ ಕಡೆಯ ಹಟ್ಟಿ. ತಾತ ಮಳೆ ಕೈಕೊಟ್ಟ ವರ್ಷ ಊರು ಬಿಟ್ಟು ದಂಡಿಗೆ ಬಂದವನು. ದಂಡು ಅಂದರೆ 1809ರಲ್ಲಿ ಬ್ರಿಟಿಷರು ಶ್ರೀರಂಗಪಟ್ಟಣದಿಂದ ಸೈನ್ಯ ತಂದು ಹಲಸೂರಿನ ಪಕ್ಕ ಇಳಿಸಿದ ಕಂಟೋನ್ಮೆಂಟು. ದೊರೆಗಳ ಬಂಗಲೆಯಲ್ಲಿ ಅಡುಗೆ ಮಾಡಬೇಕಾದರೆ ದನದ ಮಾಂಸ, ಹಂದಿ ಮಾಂಸ, ಬ್ರಾಂದಿ ಬಾಟ್ಲಿ ಎಲ್ಲ ಮುಟ್ಟಬೇಕಿತ್ತು. ಮೇಲ್ಜಾತಿಯವರು ಮುಟ್ಟುತ್ತಿರಲಿಲ್ಲ. ಊರಲ್ಲಿ ಬಾವಿ ಮುಟ್ಟಬಾರದಾಗಿದ್ದ ನಮ್ಮವರಿಗೆ, ತಮಿಳು ತೆಲುಗು ಸೀಮೆಯ ಕೇರಿಗಳಿಂದ ಬಂದವರಿಗೆ, ಸಾಬರಿಗೆ ಆ ಅಡುಗೆಮನೆಗಳ ಬಾಗಿಲು ಹೀಗೆ ತೆರೆಯಿತು. ತಾತ ರಿಚರ್ಡ್ಸ್ ಟೌನಿನ ಬಂಗಲೆಯೊಂದರಲ್ಲಿ ಪಾತ್ರೆ ತೊಳೆಯೋಕೆ ಸೇರಿ ಬಟ್ಲರ್ ಆದ. ಬೆಳಗಾಗುವ ಮುಂಚೆ ರಸಲ್ ಮಾರ್ಕೆಟ್ಟಿಗೆ ಹೋಗಿ ಮೀನು, ತರಕಾರಿ ಆರಿಸಿ ತರುತ್ತಿದ್ದ. ಕಟ್ಲೆಟ್ಟು, ಕಸ್ಟರ್ಡು, ರೋಸ್ಟು ಅವನ ಕೈಯಲ್ಲಿ ಆಟವಾಡುತ್ತಿದ್ದವು.

1947ರಲ್ಲಿ ದೊರೆಗಳು ಹೋದರು. 1949ರಲ್ಲಿ ದಂಡು, ಪೇಟೆ ಎರಡೂ ಸೇರಿ ಒಂದೇ ಕಾರ್ಪೊರೇಷನ್ ಆಯಿತು. ತಾತನ ಕೈರುಚಿ ಅಮ್ಮನಿಗೆ ಬಂತು. ಆದರೆ ಹೊಸ ಯಜಮಾನರ ಮನೆಗಳಲ್ಲಿ ಅವಳಿಗೆ ಸಿಕ್ಕಿದ್ದು ಕಸ, ಮುಸುರೆ, ಬಟ್ಟೆ. ಬ್ರಿಟಿಷರು ಒಳಗೆ ಬಿಟ್ಟಿದ್ದ ಅಡುಗೆಮನೆಯಿಂದ ನಮ್ಮವರೇ ನಮ್ಮನ್ನು ಹೊರಗೆ ಕಳಿಸಿದ್ದರು. ಹೀಗೆ ಹೇಳಿದರೆ ಬ್ರಿಟಿಷರ ಪರ ಅಂತ ಬೈಯುತ್ತೀರಿ. ಬೈಯಿರಿ, ನಡೆದದ್ದು ಹೀಗೆ.

ಆಗ ನಾವು ಹಲಸೂರಿನ ಒಂದು ಗಲ್ಲಿಯಲ್ಲಿದ್ದೆವು. ಅಮ್ಮ ಇಂದಿರಾನಗರದ ಒಂದು ದೊಡ್ಡ ಮನೆಗೆ ಹೋಗುತ್ತಿದ್ದಳು. ಓದಿದವರ ಮನೆ. "ನಾವು ಜಾತಿ ಗೀತಿ ಎಲ್ಲಾ ನೋಡಲ್ಲಮ್ಮ" ಅಂತ ಯಜಮಾನಿ ಮೊದಲ ದಿನವೇ ಹೇಳಿದ್ದರು. ಅದೇ ದಿನ ಅಮ್ಮನಿಗೊಂದು ತಟ್ಟೆ, ಒಂದು ಲೋಟ ಗುರುತು ಮಾಡಿ ಬಚ್ಚಲ ಕಿಟಕಿಯ ಮೇಲೆ ಇಟ್ಟಿದ್ದರು. ನಾವು ಕೆಲಸಕ್ಕೆ ನೆರವಾಗಲು ಹೋದಾಗ ನಮಗೂ ಅದೇ ಲೋಟ, ಸರದಿಯ ಮೇಲೆ.

1986ರ ಡಿಸೆಂಬರಿನಲ್ಲಿ ಅವರ ಮಗಳು ಅಳಿಯ ಜೂರಿಕ್ಕಿನಿಂದ ಬಂದರು. ಪೆಟ್ಟಿಗೆಯಲ್ಲಿ ಎರಡು ಕೆಜಿ ಗ್ರುಯೇರ್ ಚೀಸು, ಎರಡು ಬಾಟ್ಲಿ ಬಿಳಿ ವೈನು, ಒಂದು ದಪ್ಪ ತಳದ ಮಣ್ಣಿನ ಪಾತ್ರೆ, ಉದ್ದನೆಯ ಫೋರ್ಕುಗಳು. ಹೊಸ ವರ್ಷದ ಪಾರ್ಟಿಗೆ ಫಾಂಡ್ಯೂ ಆಗಬೇಕಂತೆ. ಅಡುಗೆಯವರು "ಆ ವಾಸನೆ ನಮ್ಮಿಂದಾಗಲ್ಲ" ಅಂತ ಕೈಯೆತ್ತಿದರು. ಆಗ ಯಜಮಾನಿಗೆ ಅಮ್ಮನ ಅಪ್ಪ ಬಟ್ಲರ್ ಆಗಿದ್ದದ್ದು ನೆನಪಾಯಿತು.

"ಮಾಡ್ತೀಯೇನಮ್ಮ?"

"ತೋರಿಸ್ಕೊಡಿ ತಾಯಿ, ಮಾಡ್ತೀನಿ."

ಅವತ್ತು ಅಮ್ಮ ಒಳಗಿನ ಒಲೆ ಮುಟ್ಟಿದಳು. ಅಷ್ಟು ದಿನ ಇದ್ದ ಮಡಿ ಚೀಸಿನ ಮುಂದೆ ಕರಗಿಹೋಯಿತು.

ಅಳಿಯ ಹೇಳುತ್ತಾ ಹೋದರು, ಅಮ್ಮ ಮಾಡುತ್ತಾ ಹೋದಳು. ಪಾತ್ರೆಯ ಒಳಮೈಗೆ ಬೆಳ್ಳುಳ್ಳಿ ಉಜ್ಜಬೇಕು. ವೈನು ಬಿಸಿಯಾಗಬೇಕು, ಕುದಿಯಬಾರದು. ತುರಿದ ಚೀಸಿಗೆ ಕಾರ್ನ್‌ಫ್ಲೋರ್ ಹಚ್ಚಿ ಹಿಡಿ ಹಿಡಿಯಾಗಿ ಹಾಕಬೇಕು. ಕೈ ಎಂಟರ ಅಂಕಿಯ ಹಾಗೆ ತಿರುಗುತ್ತಲೇ ಇರಬೇಕು. ಅಮ್ಮನಿಗೆ ಅಕ್ಷರ ಬರುತ್ತಿರಲಿಲ್ಲ, ಬಸ್ಸಿನ ನಂಬರು ನೋಡಿ ಎಂಟು ಗೊತ್ತಿತ್ತು. ಅರ್ಧ ದಾರಿಯಲ್ಲಿ ಉರಿ ಜಾಸ್ತಿಯಾಗಿ ಚೀಸು ಒಡೆಯಿತು. ಒಂದು ಕಡೆ ರಬ್ಬರಿನಂಥ ಮುದ್ದೆ, ಸುತ್ತ ಎಣ್ಣೆ. ಯಜಮಾನಿ ತಲೆಮೇಲೆ ಕೈ ಹೊತ್ತರು. ಅಮ್ಮ ಉರಿ ತಗ್ಗಿಸಿ, ಒಂದು ನಿಂಬೆಹಣ್ಣು ಹಿಂಡಿ, ಇನ್ನೊಂದು ಚಮಚ ಹಿಟ್ಟನ್ನು ವೈನಿನಲ್ಲಿ ಕದಡಿ ಹಾಕಿ ತಿರುಗಿಸಿದಳು. ಮತ್ತೆ ಕೂಡಿಕೊಂಡಿತು. "ಮಜ್ಜಿಗೆ ಹುಳಿ ಒಡೀದಂಗೆ ಹಿಟ್ಟು ಹಾಕಲ್ವಾ, ಅಷ್ಟೇ" ಅಂದಳು. ಹುಳಿ ಚೀಸಿನೊಳಗಿನ ಸುಣ್ಣದಂಶವನ್ನು ಹಿಡಿದುಕೊಂಡು ಅದು ಗಂಟಾಗದ ಹಾಗೆ ತಡೆಯುತ್ತದೆ, ಹಿಟ್ಟು ಜಿಡ್ಡನ್ನು ಬೇರೆಯಾಗಲು ಬಿಡುವುದಿಲ್ಲ ಅಂತ ಆಮೇಲೆ ನಾವು ಪುಸ್ತಕದಲ್ಲಿ ಓದಿದೆವು.

ಒಂದು ಕೆಜಿ ಗಟ್ಟಿ ಚೀಸಿಗೆ ಹತ್ತು ಹನ್ನೆರಡು ಲೀಟರ್ ಹಾಲು ಬೇಕು. ಆ ಮಡಕೆಯಲ್ಲಿ ಇಪ್ಪತ್ತು ಲೀಟರಿಗೂ ಮೇಲೆ ಹಾಲಿತ್ತು. ನಮ್ಮ ಮನೆಗೆ ದಿನಕ್ಕೆ ಬರುತ್ತಿದ್ದದ್ದು ಕಾಲು ಲೀಟರ್, ಆರು ಜನರ ಟೀಗೆ.

ಮಡಕೆ ಮೇಜಿನ ನಡುವೆ ಹೋಯಿತು. ಹನ್ನೆರಡು ಜನ ಸುತ್ತ ಕೂತು ಬ್ರೆಡ್ಡಿನ ತುಂಡು ಚುಚ್ಚಿ ಚುಚ್ಚಿ ಒಂದೇ ಪಾತ್ರೆಯಲ್ಲಿ ಅದ್ದತೊಡಗಿದರು. ಬಾಯಿಗೆ ಹೋದ ಫೋರ್ಕು ಮತ್ತೆ ಮಡಕೆಗೆ, ಮಡಕೆಯಿಂದ ಮತ್ತೆ ಬಾಯಿಗೆ. ಎಂಜಲು ಅನ್ನುವ ಮಾತೇ ಇಲ್ಲ. ಬ್ರೆಡ್ಡಿನ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತಿದ್ದ ನಮಗೆ ಆಶ್ಚರ್ಯವೋ ಆಶ್ಚರ್ಯ. ಇದೇ ಜನರ ಮನೆಯಲ್ಲೇ ನಮ್ಮ ಲೋಟ ಬಚ್ಚಲಲ್ಲಿರುವುದು?

ಅವರಲ್ಲೊಬ್ಬರು ಬಂದಾಗಿನಿಂದ ಮರ್ಫಿ ಟೌನಿನ ದನದ ಮಾಂಸದ ಅಂಗಡಿಗಳ ವಾಸನೆ ಬಗ್ಗೆ ಮೂಗು ಮುಚ್ಚಿಕೊಂಡು ಮಾತಾಡುತ್ತಿದ್ದರು. ಅಳಿಯ ಉತ್ಸಾಹದಲ್ಲಿ ಚೀಸು ಮಾಡುವ ಬಗೆ ವಿವರಿಸಿದರು. ಹಾಲಿಗೆ ಹಾಕುವ ಹೆಪ್ಪನ್ನು ಹಾಲು ಕುಡಿಯುವ ಎಳೆಗರುವಿನ ಹೊಟ್ಟೆಯ ನಾಲ್ಕನೇ ಚೀಲದಿಂದ ತೆಗೆಯುತ್ತಾರೆ, ಅದಿಲ್ಲದೆ ಗ್ರುಯೇರ್ ಆಗುವುದೇ ಇಲ್ಲ ಅಂದರು. ಮೇಜು ಒಂದು ಗಳಿಗೆ ಸುಮ್ಮನಾಯಿತು. ಆಮೇಲೆ ಮೂಗು ಮುಚ್ಚಿದವರೇ "ಅದು ಬರೀ ಎನ್‌ಜೈಮು, ಮಾಂಸ ಅಲ್ಲ" ಅಂದರು. ಹನ್ನೆರಡು ಫೋರ್ಕುಗಳು ಮತ್ತೆ ಇಳಿದವು.

ರಾತ್ರಿ ಮಡಕೆ ಒಳಗೆ ಬಂದಾಗ ತಳದಲ್ಲಿ ಕೆಂಪಗೆ ಹಿಡಿದ ಒಂದು ಪದರ ಉಳಿದಿತ್ತು. "ತಳ ಹಿಡಿದಿದೆ, ಬೇಕಾದ್ರೆ ಕೆರೆದುಕೊಂಡು ಹೋಗು" ಅಂದರು. ಅಮ್ಮ ಪೇಪರಿನಲ್ಲಿ ಕಟ್ಟಿ ತಂದಳು. ಸ್ವಿಟ್ಜರ್ಲೆಂಡಿನಲ್ಲಿ ಈ ಪದರಕ್ಕೆ ಸನ್ಯಾಸಿನಿ ಅನ್ನುವ ಅರ್ಥದ ಹೆಸರಿದೆ, ಎಲ್ಲಕ್ಕಿಂತ ರುಚಿಯಾದದ್ದು ಅದೇ ಅಂತ ಹಂಚಿಕೊಂಡು ತಿನ್ನುತ್ತಾರೆ. ನಮಗದು ಗೊತ್ತಿರಲಿಲ್ಲ, ಅವರಿಗೂ ಗೊತ್ತಿರಲಿಲ್ಲ. ಗಲ್ಲಿಯ ದೀಪದ ಕೆಳಗೆ ನಿಂತು ಮುರಿದು ತಿಂದೆವು. ಅಮ್ಮ ಅಂದಳು: "ಕರಿನ ಹೊಟ್ಟೆ ಅವ್ರಿಗೆ ಎನ್ನಜೀಮು, ನಮಗೆ ಹೊಲಸು. ಇರ್ಲಿ. ಈ ಅಡುಗೆ ಕಷ್ಟ ಏನಿಲ್ಲ, ನಮ್ಮನೇಲೂ ಮಾಡಣ."

1987ರ ಏಪ್ರಿಲ್ 14. ಗಲ್ಲಿಯಲ್ಲಿ ಅಂಬೇಡ್ಕರ್ ಜಯಂತಿ. ಚಂದಾದಲ್ಲಿ ಉಳಿದ ದುಡ್ಡಿಗೆ ನಾಲ್ಕು ಡಬ್ಬಿ ಅಮುಲ್ ಚೀಸು, ಶಿವಾಜಿನಗರದ ಬೇಕರಿಯಿಂದ ನಿನ್ನೆಯ ಬನ್ನು ತಂದೆವು. ಡಬ್ಬಿಯ ಚೀಸಿನಲ್ಲಿ ಕರಗಿಸುವ ಉಪ್ಪು ಮೊದಲೇ ಸೇರಿರುತ್ತದೆ, ಒಡೆಯುವ ಭಯವಿಲ್ಲ. ವೈನಿನ ಬದಲು ನೀರು, ನಿಂಬೆಹಣ್ಣು. ಸೀಮೆಣ್ಣೆ ಸ್ಟವ್ವು, ನಮ್ಮದೇ ಮಣ್ಣಿನ ಮಡಕೆ, ಬಿದಿರು ಕಡ್ಡಿ. ಅಜ್ಜಿ ರುಚಿ ನೋಡಿ "ಥೂ, ಉಪ್ಪಿಲ್ಲ ಖಾರ ಇಲ್ಲ" ಅಂತ ಒಣಮೆಣಸಿನಕಾಯಿ ಕುಟ್ಟಿ ಹಾಕಿದಳು. ಯಾರೋ ಒಣಬಾಡು ಸುಟ್ಟು ತಂದರು. ಸ್ವಿಟ್ಜರ್ಲೆಂಡಿನ ಬೆಟ್ಟದವರೂ ದನದ ಒಣಬಾಡಿನ ಜೊತೆ ಚೀಸು ತಿನ್ನುತ್ತಾರಂತೆ.

ಇಲ್ಲಿಗೇ ನಿಲ್ಲಿಸಿದ್ದರೆ ಕತೆ ಚೆಂದವಾಗಿರುತ್ತಿತ್ತು. ನಿಲ್ಲಿಸಲಾರೆವು.

ಗಲ್ಲಿಯ ಕೊನೆಯಲ್ಲಿ ಕಕ್ಕಸು ಬಾಚುವವರ ಎರಡು ಮನೆಗಳಿದ್ದವು. ಆ ಮನೆಯ ಹುಡುಗ, ನಮ್ಮ ಜೊತೆ ಓದುವವನು, ಬನ್ನು ಚುಚ್ಚಿ ಮಡಕೆಗೆ ಅದ್ದಿದ. ಬನ್ನು ಕಳಚಿ ಒಳಗೆ ಬಿತ್ತು. ಎಲ್ಲರೂ ನಕ್ಕರು. ನಮ್ಮ ಸೋದರಮಾವ ನಗಲಿಲ್ಲ. ಕಡ್ಡಿ ಕೆಳಗಿಟ್ಟು ಎದ್ದ. ಬೆಳಗ್ಗೆ ಬಾಬಾಸಾಹೇಬರ ಫೋಟೋಗೆ ಹಾರ ಹಾಕಿ, ಜಾತಿ ನಾಶದ ಬಗ್ಗೆ ಮೈಕಿನಲ್ಲಿ ಮಾತಾಡಿದವನು ಅವನೇ.

"ಹೊಟ್ಟೆ ತುಂಬ್ತಕ್ಕ" ಅಂದ.

ಅಮ್ಮ ಕೈ ತಿರುಗಿಸುವುದನ್ನು ನಿಲ್ಲಿಸದೆ ಅಂದಳು: "ಕಿಟಕಿ ಮ್ಯಾಲೆ ಲೋಟ ಇಟ್ಟೋಳೂ ಹಿಂಗೇ ಅಂತಾಳೆ ಕಣೋ, ನಾನು ಜಾತಿ ನೋಡಲ್ಲ ಅಂತ. ನೀನೂ ಒಂದು ಲೋಟ ಇಟ್ಕೊಂಡಿದೀಯ."

ಮಾವ ಹೊರಟುಹೋದ. ಅಮ್ಮ ಆ ಹುಡುಗನಿಗೆ ಮಾವನ ಕಡ್ಡಿ ಕೊಟ್ಟಳು. ಅವನು ಒಂದು ಸಾರಿ ಅದ್ದಿದ, ತಲೆ ತಗ್ಗಿಸಿ ತಿಂದ, ಮನೆಗೆ ಓಡಿದ. ಅವನ ಹಿಂದೆ ಹೋಗಿ ಕರೆದು ತರಬೇಕಿತ್ತು. ನಾವು ಹೋಗಲಿಲ್ಲ. ಮಡಕೆ ಬಿಸಿಯಾಗಿತ್ತು, ತಿನ್ನುತ್ತಾ ಕೂತೆವು. ಮಾವನ ತಪ್ಪನ್ನು ನಾವು ಎಷ್ಟೋ ಸಭೆಗಳಲ್ಲಿ ಹೇಳಿದ್ದೇವೆ. ನಮ್ಮದನ್ನು ಹೇಳುತ್ತಿರುವುದು ಇದೇ ಮೊದಲು.

ಈಗ ಇಂದಿರಾನಗರದ ನೂರಡಿ ರಸ್ತೆಯಲ್ಲಿ ಚೀಸು ಹೊಸದಲ್ಲ. ನಮ್ಮ ದೇಶದ ಕಂಪನಿಗಳು ಈಗ ಕರುವಿನ ಹೆಪ್ಪಿನ ಬದಲು ಸೂಕ್ಷ್ಮಜೀವಿಗಳಿಂದ ತೆಗೆದ ಹೆಪ್ಪು ಬಳಸಿ ಹಸಿರು ಚುಕ್ಕೆ ಹಾಕುತ್ತವೆ. 2021ರಲ್ಲಿ ಜಾರಿಗೆ ಬಂದ ಗೋಹತ್ಯೆ ನಿಷೇಧ ಕಾನೂನಿನಲ್ಲಿ ಎತ್ತು, ಹೋರಿ ಕೂಡ ಸೇರಿದವು. ಹದಿಮೂರು ವರ್ಷ ದಾಟಿದ ಎಮ್ಮೆ ಕೋಣಗಳಷ್ಟೇ ಉಳಿದವು. ಬಡವರ ಬಾಡು ಕಾನೂನಿಗೆ ಸಿಕ್ಕಿತು. ನಮ್ಮ ಅಕ್ಕನ ಮಗಳು ಕೆ.ಆರ್. ಪುರದಿಂದ ಬಂದು ಒಂದು ಹೋಟೆಲಿನ ಅಡುಗೆಮನೆಯಲ್ಲಿ ದುಡಿಯುತ್ತಾಳೆ. ಫಾಂಡ್ಯೂ ಅವಳ ಕೈಯಲ್ಲೇ ಆಗುತ್ತದೆ. ಹೆಸರು ಕೇಳಿದವರು ಊರು ಕೇಳುತ್ತಾರೆ, ಊರು ಕೇಳಿದವರು ಬೀದಿ ಕೇಳುತ್ತಾರಂತೆ.

ಬಿಸಿಯೂಟ ಬೇಯಿಸುವ ದಲಿತ ಹೆಂಗಸಿನ ಕೈಯನ್ನ ಬೇಡವೆಂದು ಮಕ್ಕಳನ್ನು ಮನೆಗೆ ಕರೆದುಕೊಂಡು ಹೋಗುವ ಊರುಗಳು ಇನ್ನೂ ಇವೆ. ಇದನ್ನು ಓದುವ ಮೇಷ್ಟ್ರುಗಳಿಗೆ ಅದು ನಮಗಿಂತ ಚೆನ್ನಾಗಿ ಗೊತ್ತು. ಆ ದಿನ ನೀವು ಮೊದಲು ಆ ಅಡುಗೆಯವಳ ಮುಂದೆ ತಟ್ಟೆ ಹಿಡಿಯಿರಿ. ಆಮೇಲೆ ಎದ್ದು ಹೋದ ಮಗುವಿನ ಹಿಂದೆ ಹೋಗಿ. ನಾವು ಹೋಗಲಿಲ್ಲ.

ಅಮ್ಮ ಈಗಿಲ್ಲ. ಮಡಕೆ ಅಟ್ಟದ ಮೇಲಿದೆ. ತಳ ಇನ್ನೂ ಕಪ್ಪಗಿದೆ.